ಉದ್ದ ಲೋಟದಲ್ಲೇ ಹಾಲು ಜಾಸ್ತಿಯಂತೆ!

ಪ್ರಶ್ನೆ: ನನ್ನ ಮಗಳಿಗೆ ಐದು ವರ್ಷ. ನೂರರವರೆಗೆ ಎಣಿಸುತ್ತಾಳೆ. ಆದರೆ ಅಣ್ಣನಿಗೆ ಉದ್ದ ಲೋಟದಲ್ಲಿ, ಅವಳಿಗೆ ಬಟ್ಟಲಲ್ಲಿ ಹಾಲು ಕೊಟ್ಟರೆ ‘ಅಣ್ಣಂಗೇ ಜಾಸ್ತಿ’ ಅಂತ ರಂಪ. ಕಣ್ಣೆದುರೇ ಅಳೆದು ಹಾಕಿದರೂ ಒಪ್ಪಲ್ಲ. ಬುದ್ಧಿ ಬೆಳವಣಿಗೆ ಹಿಂದಿದೆಯಾ?
— ಒಬ್ಬ ತಾಯಿ, ಮಾಲೂರು

ಉತ್ತರ: ಇಲ್ಲಮ್ಮ, ಐದರ ವಯಸ್ಸಿಗೆ ಇದು ಸಹಜ. ಈ ವಯಸ್ಸಿನ ಮಗು ಸಾಮಾನ್ಯವಾಗಿ ಒಂದು ಸಲಕ್ಕೆ ಒಂದೇ ಅಂಶ ಗಮನಿಸುತ್ತದೆ. ಹಾಲಿನ ಮಟ್ಟ ಮೇಲಿರುವುದು ಕಣ್ಣಿಗೆ ಬೀಳುತ್ತದೆ, ಲೋಟದ ಬಾಯಿ ಕಿರಿದು ಎನ್ನುವುದು ಲೆಕ್ಕಕ್ಕೆ ಬರುವುದಿಲ್ಲ. ವಾಪಸ್ ಸುರಿದರೆ ಮೊದಲಿನಷ್ಟೇ ಆಗುತ್ತದೆ ಎಂದು ಮನಸ್ಸಿನಲ್ಲೇ ಊಹಿಸುವುದೂ ಇನ್ನೂ ಕೂಡಿಬಂದಿರುವುದಿಲ್ಲ. ನೂರರ ಎಣಿಕೆ ಬಹುಪಾಲು ಬಾಯಿಪಾಠ. ಪ್ರಮಾಣದ ಅರಿವು ಬೇರೆಯೇ ಸಂಗತಿ. ಇದನ್ನು ಮೊದಲು ವಿವರವಾಗಿ ಪರೀಕ್ಷಿಸಿದವರು ಸ್ವಿಟ್ಜರ್ಲೆಂಡಿನ ಮನೋವಿಜ್ಞಾನಿ ಜೀನ್ ಪಿಯಾಜೆ (1896–1980).

ಮನೆಯಲ್ಲೇ ನೋಡಲು ಹುಣಸೆ ಬೀಜ ಸಾಕು, ಕೋಲಾರದ ಕಡೆ ಅದಕ್ಕೇನು ಬರ! ಏಳೇಳು ಬೀಜಗಳ ಎರಡು ಸಾಲು ಎದುರುಬದುರು ಇಡಿ. ಎರಡೂ ಸಮ ಎಂದು ಅವಳು ಒಪ್ಪಲಿ. ಆಮೇಲೆ ಒಂದು ಸಾಲನ್ನು ಅಗಲಿಸಿ, ಈಗ ಹೇಗೆ ಎಂದು ಕೇಳಿ. ‘ಉದ್ದದ್ದೇ ಜಾಸ್ತಿ’ ಎಂಬ ಉತ್ತರ ಬರಬಹುದು.

ಎಡವುವುದು ಇಲ್ಲೇ. ದೊಡ್ಡವರು ಕೇಳಿದ್ದನ್ನೇ ಮತ್ತೆ ಕೇಳಿದರೆ ‘ನಾನು ಹೇಳಿದ್ದು ತಪ್ಪಿರಬೇಕು’ ಎಂದು ಮಗು ಉತ್ತರ ಬದಲಿಸಬಹುದು. 1970ರ ದಶಕದಲ್ಲಿ ಸ್ಕಾಟ್ಲೆಂಡಿನ ಸಂಶೋಧಕರು ಸಾಲನ್ನು ತಾವು ಕದಲಿಸದೆ ತುಂಟ ಗೊಂಬೆ ಕೆಡಿಸಿದಂತೆ ಮಾಡಿದಾಗ, ‘ಸಮ’ ಎಂದ ಮಕ್ಕಳ ಸಂಖ್ಯೆ ಬಹಳ ಹೆಚ್ಚಿತು. ಪಿಯಾಜೆ ಮಕ್ಕಳನ್ನು ತುಸು ಕಡಿಮೆ ಅಂದಾಜಿಸಿದರು ಎಂಬುದೇ ನಮ್ಮ ಅಭಿಪ್ರಾಯ. ನೀವೂ ಗೊಂಬೆಯ ಕೈಯಲ್ಲೇ ಬೀಜ ಚೆದುರಿಸಿ, ಪ್ರಶ್ನೆಯನ್ನು ಕೊನೆಯಲ್ಲಿ ಒಂದೇ ಸಲ ಕೇಳಿ.

‘ಎರಡೂ ಒಂದೇ ಅನ್ನು’ ಎಂದು ಗಿಣಿಪಾಠ ಮಾಡಿಸಬೇಡಿ. 100 ಮಿ.ಲೀ. ನೀರು ಕೊಟ್ಟು ಲೋಟದಿಂದ ಬಟ್ಟಲಿಗೆ, ಬಟ್ಟಲಿಂದ ಲೋಟಕ್ಕೆ ಅವಳೇ ಸುರಿಯಲಿ. ಅಲ್ಲಿಯವರೆಗೆ ಜಗಳ ತಪ್ಪಿಸಲು ಇಬ್ಬರಿಗೂ ಒಂದೇ ಥರದ ಲೋಟ ಕೊಡಿ!

ಬೀಜ, ಹಾಲಿನ ಲೆಕ್ಕ ಸಾಮಾನ್ಯವಾಗಿ 6–7ಕ್ಕೆ ಕೂಡಿಬರುತ್ತದೆ. ರಾಗಿ ಮುದ್ದೆಯನ್ನು ತಟ್ಟಿ ಚಪ್ಪಟೆ ಮಾಡಿದರೂ ತೂಕ ಅಷ್ಟೇ ಎನ್ನುವುದು 9–10ರ ಹೊತ್ತಿಗೆ. ವರ್ಷ ಒಂದೆರಡು ಆಚೀಚೆ ಆಗುತ್ತದೆ.

ವೈದ್ಯರ ಬಳಿ ಹೋಗಬೇಕಾದ ಲಕ್ಷಣಗಳು ಬೇರೆ: ಐದಾದರೂ ವಾಕ್ಯ ಜೋಡಿಸಿ ಮಾತಾಡದಿದ್ದರೆ, ‘ಚಪ್ಪಲಿ ಬಿಟ್ಟು ಕೈ ತೊಳಿ’ ಎಂಬಂಥ ಎರಡು ಕೆಲಸ ಒಟ್ಟಿಗೆ ಹೇಳಿದರೆ ತಿಳಿಯದಿದ್ದರೆ, ಅಥವಾ ಮೊದಲು ಬರುತ್ತಿದ್ದ ಮಾತೋ ಕೆಲಸವೋ ನಿಂತುಹೋದರೆ ತಡಮಾಡದೆ ಮಕ್ಕಳ ವೈದ್ಯರಿಗೆ ತೋರಿಸಿ.