ಡೆನ್ಮಾರ್ಕಿನ ಕಥೆ, ನಾರ್ವೆಯ ನಗು: ಕ್ನೂಟ್ ಬೂವಿಮ್ ಕಟ್ಟಿದ ಓಲ್ಸೆನ್ ಗ್ಯಾಂಗ್

ನಾರ್ವೆಯ ಸಿನಿಮಾ ಅಂದರೆ ಹಿಮ, ಮೌನ, ಬೇಸರದ ಮುಖಗಳು ಎಂದುಕೊಂಡವರೇ ಜಾಸ್ತಿ. ಆದರೆ ಆ ದೇಶದ ಮನೆಮನೆಗೂ ಗೊತ್ತಿರುವುದು ಓಲ್ಸೆನ್ ಗ್ಯಾಂಗ್ ಎಂಬ ಮೂವರು ಕೈಲಾಗದ ಕಳ್ಳರು. ಅವರನ್ನು ಅಲ್ಲಿನ ತೆರೆಗೆ ತಂದವರು ನಿರ್ದೇಶಕ ಕ್ನೂಟ್ ಬೂವಿಮ್ (1931–2020).

ಕಥೆ ಮಾತ್ರ ಅವರದಲ್ಲ. ಎರಿಕ್ ಬ್ಯಾಲಿಂಗ್ ಮತ್ತು ಹೆನಿಂಗ್ ಬಾಸ್ ಸೇರಿ 1968ರಲ್ಲಿ ಡೆನ್ಮಾರ್ಕಿನಲ್ಲಿ ಓಲ್ಸೆನ್ ಗ್ಯಾಂಗಿನ ಮೊದಲ ಚಿತ್ರ ಮಾಡಿದರು. ಮರುವರ್ಷವೇ ಬೂವಿಮ್ ಅದನ್ನು ನಾರ್ವೆಗೆ ತಂದರು. 1962ರಲ್ಲಿ ಕ್ನೂಟ್ ಆಂಡರ್ಸನ್ ಜೊತೆ ಸೇರಿ ಒಂದು ಚಿತ್ರ ನಿರ್ದೇಶಿಸಿದ್ದ ಅವರಿಗೆ ಇದು ಜೀವನದ ದೊಡ್ಡ ಕೆಲಸವಾಯಿತು.

ಡೇನಿಶ್ ಮತ್ತು ನಾರ್ವೇಜಿಯನ್ ಅಕ್ಕತಂಗಿಯರಂಥ ಭಾಷೆಗಳು. ಹಾಗಿದ್ದ ಮೇಲೆ ಮತ್ತೆ ಯಾಕೆ ಚಿತ್ರ ಮಾಡಬೇಕು? ಬರೆದ ಡೇನಿಶ್ ನಾರ್ವೆಯವರಿಗೆ ಸಲೀಸಾಗಿ ಅರ್ಥವಾಗುತ್ತದೆ, ಮಾತಾಡಿದ್ದು ಅಷ್ಟಾಗಿ ಕಿವಿಗೆ ಸಿಗುವುದಿಲ್ಲ. ಸಬ್‌ಟೈಟಲ್ ಓದಿ ಕಥೆ ತಿಳಿಯಬಹುದು. ಆದರೆ ಜಗಳ, ಬೈಗುಳ, ಗೊಣಗಾಟದ ನಗು ಕಿವಿಯಿಂದಲೇ ಬರಬೇಕು, ಅಲ್ವಾ?

ಅದಕ್ಕೇ ಬೂವಿಮ್ ಅವರ ನಿಜವಾದ ಜಾಣತನ ಇರುವುದು ನಟರ ಆಯ್ಕೆಯಲ್ಲಿ ಎನ್ನುವುದು ನನ್ನ ಅಭಿಪ್ರಾಯ. ಕಥೆಯ ಚೌಕಟ್ಟು ಗಟ್ಟಿಯಾದದ್ದು. ಎಗಾನ್ ಓಲ್ಸೆನ್ ಜೈಲಿನಿಂದ ಹೊರಗೆ ಬರುತ್ತಾನೆ. ಅವನ ತಲೆಯಲ್ಲಿ ಒಂದು ಭಾರಿ ಯೋಜನೆ. ಬೆನ್ನಿ ಮತ್ತು ಶೆಲ್ ಜೊತೆಗೂಡುತ್ತಾರೆ. ಎಲ್ಲ ಸರಿಹೋಯಿತು ಅನ್ನುವಾಗ ಕೆಡುತ್ತದೆ. ಡೆನ್ಮಾರ್ಕಿನ ಎಗಾನ್ ಆಗಿದ್ದ ಓವೆ ಸ್ಪ್ರೋಗೆ ಸಣ್ಣ ಆಳು. ನಾರ್ವೆಯ ಆರ್ವೆ ಓಪ್ಸಾಲ್ ದಪ್ಪ ದೇಹದ ಮನುಷ್ಯ. ತಲೆಗೆ ಅದೇ ಗುಂಡು ಹ್ಯಾಟು, ಬಾಯಲ್ಲಿ ಅದೇ ಸಿಗಾರ್. ಆದರೆ ಅವರು ಸಿಟ್ಟಿಗೆದ್ದು ಗುಡುಗಿದರೆ ಪಾತ್ರವೇ ಬೇರೆ ಅನಿಸುತ್ತದೆ. ಸ್ವೆರೆ ಹೋಲ್ಮ್ ಬೆನ್ನಿಯಾದರು, ಕಾರ್ಸ್ಟನ್ ಬೈರಿಂಗ್ ಶೆಲ್ ಆದರು. ಶೆಲ್‌ನ ಜೋರುಬಾಯಿಯ ಹೆಂಡತಿ ವಾಲ್ಬೋರ್ಗ್ ಆಗಿ ಔಡ್ ಶೋನೆಮನ್ ಬಂದರು. ನಾರ್ವೆಯ ಟಿವಿಯಲ್ಲಿ 1972ರಲ್ಲಿ ಶುರುವಾದ 'ಫ್ಲೆಕ್ಸ್‌ನೆಸ್' ಹಾಸ್ಯ ಸರಣಿಯಲ್ಲಿ ನಾಯಕನ ತಾಯಿಯಾದವರೂ ಇವರೇ.

ಇನ್ನೊಂದು ಬದಲಾವಣೆ ಇನ್ನೂ ಮುಖ್ಯ. ಬಾಂಬು ಸಿಡಿಸುವ ಕುಡುಕ ಡೈನಮೈಟ್ ಹ್ಯಾರಿ ಡೆನ್ಮಾರ್ಕಿನಲ್ಲಿ ಆಗೊಮ್ಮೆ ಈಗೊಮ್ಮೆ ಬಂದುಹೋದ. ನಾರ್ವೆಯಲ್ಲಿ ಹರಾಲ್ಡ್ ಹೈಡೆ-ಸ್ಟೀನ್ ಜೂನಿಯರ್ ಆ ಪಾತ್ರ ಮಾಡಿದ ಮೇಲೆ ಅವನ ಹೆಸರು ಚಿತ್ರದ ಶೀರ್ಷಿಕೆಗಳಿಗೇ ಏರಿತು. ನಕಲು ಮಾಡುವವರು ಇಂಥ ಧೈರ್ಯ ತೋರುವುದಿಲ್ಲ.

ಕಷ್ಟದ ಕೆಲಸಕ್ಕೆ ಉದಾಹರಣೆ ಬೇಕಾದರೆ 1976ರ ಚಿತ್ರ ನೋಡಬೇಕು. ಮೂಲದಲ್ಲಿ ಕೋಪನ್‌ಹೇಗನ್ನಿನ ರಾಯಲ್ ಥಿಯೇಟರಿನಲ್ಲಿ ವಾದ್ಯವೃಂದ ನುಡಿಸುತ್ತಿರುತ್ತದೆ. ಕಳ್ಳರು ಅದೇ ಕಟ್ಟಡದ ಗೋಡೆಗಳನ್ನು ಒಡೆಯುತ್ತಾ ಸಾಗುತ್ತಾರೆ. ಡ್ರಮ್ ಬಡಿದ ಕ್ಷಣಕ್ಕೇ ಸುತ್ತಿಗೆ ಬೀಳಬೇಕು, ತಾಳ ಮೊಳಗಿದಾಗಲೇ ಸ್ಫೋಟ. ಸಂಗೀತದ ಸದ್ದಿನಲ್ಲಿ ಕಳ್ಳತನದ ಸದ್ದು ಮುಚ್ಚಿಹೋಗುತ್ತದೆ. ನಾರ್ವೆಯ ಚಿತ್ರವೂ ಇದೇ ದೃಶ್ಯವನ್ನು ತೆಗೆದುಕೊಂಡಿತು. ಮಾತೇ ಇಲ್ಲದ ಈ ನಗುವಿನಲ್ಲಿ ಒಂದು ಏಟು ಅರೆಕ್ಷಣ ತಡವಾದರೂ ಎಲ್ಲ ಹಾಳು. ಪಕ್ಕದ ದೇಶದವರು ಮಾಡಿಟ್ಟಿದ್ದಾರೆ ಅಂತ ಸುಮ್ನೆ ನಕಲಿಸಲು ಇಲ್ಲಿ ಆಗುವುದಿಲ್ಲ.

ಈ ಗ್ಯಾಂಗಿಗೆ ವಿದಾಯ ಹೇಳುವುದೂ ಸುಲಭವಾಗಲಿಲ್ಲ. 1982ರಲ್ಲಿ 'ಕಟ್ಟಕಡೆಯ ಕಳ್ಳತನ' ಅಂದರು. 1984ರಲ್ಲಿ 'ಆದರೆ ಗ್ಯಾಂಗ್ ಸತ್ತಿರಲಿಲ್ಲ' ಅಂತ ಮತ್ತೆ ಬಂದರು. ಆಮೇಲೆ 15 ವರ್ಷ ಸದ್ದಿಲ್ಲ. ಬೈರಿಂಗ್ 1990ರಲ್ಲೇ ತೀರಿಕೊಂಡರು. ಓಪ್ಸಾಲ್ ಈ ನಡುವೆ 1993ರಲ್ಲಿ ಟಿವಿ 2 ಚಾನೆಲ್ಲಿನ ಸಿಟ್‌ಕಾಮ್ 'ಮೂಟ್ ಇ ಬ್ರೊಸ್ಟೆ'ಯಿಂದ ಹೊಸ ತಲೆಮಾರಿಗೂ ಅಚ್ಚುಮೆಚ್ಚಾದರು. 1999ರಲ್ಲಿ ಬೂವಿಮ್ ಅವರೇ ಕೊನೆಯ ಚಿತ್ರ ನಿರ್ದೇಶಿಸಿದರು. ಒಟ್ಟು 14 ಚಿತ್ರಗಳು. ಹೆಚ್ಚಿನವು ಅವರವೇ.

2001ರಲ್ಲಿ ನಾರ್ವೆಯ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಆರ್‌ಕೆಯ ಕ್ರಿಸ್ಮಸ್ ಟಿವಿ ಸರಣಿಯಲ್ಲಿ ಇದೇ ಕಳ್ಳರು ಮಕ್ಕಳಾಗಿ ಬಂದರು. ಆಮೇಲೆ ಆ ಮಕ್ಕಳ ಸಾಹಸಗಳು ಚಿತ್ರಮಂದಿರಕ್ಕೂ ಹೋದವು.