ಮೂರು ವಾರದ ಪ್ರವಾಸದಲ್ಲಿ ಎಲೆಕ್ಟ್ರಿಕ್ ಯುನಿಸೈಕಲ್ ಕಲಿಯಬಹುದೇ?

ಪ್ರಶ್ನೆ: ನನಗೆ 41 ವರ್ಷ. ಅಣ್ಣ ಫ್ರಾನ್ಸಿನ ತುಲೂಸ್‌ನಲ್ಲಿ ಎಂಜಿನಿಯರ್. ದಿನವೂ ಎಲೆಕ್ಟ್ರಿಕ್ ಯುನಿಸೈಕಲ್‌ನಲ್ಲೇ (ಹ್ಯಾಂಡಲ್, ಸೀಟು ಇಲ್ಲದ, ಎರಡು ಬದಿಯ ಪೆಡಲ್ ಎಂಬ ಹಲಗೆಗಳ ಮೇಲೆ ನಿಂತು ಓಡಿಸುವ ಒಂಟಿ ಚಕ್ರ) ಕಚೇರಿಗೆ ಹೋಗಿಬರುತ್ತಾನೆ. ಮೇ ತಿಂಗಳಲ್ಲಿ ಮೂರು ವಾರ ಅವನ ಮನೆಯಲ್ಲಿರುತ್ತೇನೆ. ಅವನು ಮೊದಲು ಓಡಿಸುತ್ತಿದ್ದ ಚಿಕ್ಕ ಚಕ್ರವೂ ಮನೆಯಲ್ಲಿದೆಯಂತೆ. ನನಗೆ ಸೈಕಲ್, ಸ್ಕೂಟರ್ ಎರಡೂ ಬರುತ್ತವೆ. ಅಷ್ಟು ದಿನದಲ್ಲಿ ಇದನ್ನು ಕಲಿತು, ಅದರಲ್ಲೇ ಊರು ಸುತ್ತಬಹುದೇ? ಬರುವಾಗ ಆ ಚಿಕ್ಕ ಚಕ್ರವನ್ನು ಮೈಸೂರಿಗೆ ತರಬಹುದೇ?

ಉತ್ತರ: ಕಲಿಯಬಹುದು, ಖಂಡಿತ ಕಲಿಯಬಹುದು. ಅದರಲ್ಲೇ ಊರು ಸುತ್ತುವ ಆಸೆಯನ್ನು ಮಾತ್ರ ಈ ಸಲಕ್ಕೆ ಬದಿಗಿಡಿ.

ಸೈಕಲ್ ಬಲ್ಲವರು ದಿನಕ್ಕೆ ಅರ್ಧ ಗಂಟೆ ಅಭ್ಯಾಸ ಮಾಡಿದರೆ ಸಾಮಾನ್ಯವಾಗಿ ಒಂದು ವಾರದೊಳಗೆ ಬಯಲು ಜಾಗದಲ್ಲಿ ನೇರವಾಗಿ ಸಾಗುತ್ತಾರೆ. ಎರಡನೆಯ ವಾರದಲ್ಲಿ ತಿರುಗುವುದು, ನಿಲ್ಲುವುದು, ಆಸರೆಯಿಲ್ಲದೆ ಮತ್ತೆ ಹತ್ತುವುದು ಕೈಗೂಡುತ್ತವೆ. ಬೀದಿ ಕೇಳುವುದು ಇಷ್ಟನ್ನೇ ಅಲ್ಲ. ಹಿಂದಿನಿಂದ ಬರುವ ಸೈಕಲ್ಲನ್ನು ತಲೆ ತಿರುಗಿಸಿ ನೋಡಬೇಕು, ಕೈ ತೋರಿಸಿ ತಿರುಗಬೇಕು, ಮಗುವೊಂದು ಅಡ್ಡ ಬಂದರೆ ಯೋಚಿಸುವ ಮೊದಲೇ ನಿಂತಿರಬೇಕು. ಇವು ರೂಢಿಯಾಗಲು ಮೂರು ವಾರ ಸಾಲದು. ಆದರೆ ಕಲಿಯುವುದಕ್ಕೆ ನಿಮಗಿರುವಂಥ ಅವಕಾಶ ಎಲ್ಲರಿಗೂ ಸಿಗುವುದಿಲ್ಲ: ಒಂದೇ ಊರು, ಒಂದೇ ಮನೆ, ಪಕ್ಕದಲ್ಲಿ ನಿಂತು ಹೇಳಿಕೊಡಲು ಅಣ್ಣ. ಹತ್ತು ದಿನದಲ್ಲಿ ನಾಲ್ಕು ದೇಶ ನೋಡುವ ಪ್ರವಾಸ ನಿಮ್ಮದಾಗಿದ್ದರೆ ಬೇಡ ಎಂದೇ ಹೇಳುತ್ತಿದ್ದೆ. ಈ ಕಲಿಕೆಗೆ ನಡುನಡುವೆ ನಿದ್ದೆ ಬೇಕು. ಹಿಂದಿನ ಸಂಜೆ ಎಷ್ಟು ಹೆಣಗಿದರೂ ಬಾರದ್ದು ಮರುದಿನ ಬೆಳಿಗ್ಗೆ ಕಾಲಿಗೆ ತಾನಾಗಿ ಬಂದಿರುತ್ತದೆ.

ಯಂತ್ರ ಏನು ಮಾಡುತ್ತದೆ, ಏನು ಮಾಡುವುದಿಲ್ಲ ಎಂಬುದು ಮೊದಲೇ ತಿಳಿದಿದ್ದರೆ ಅರ್ಧ ಭಯ ಕಡಿಮೆಯಾಗುತ್ತದೆ. ಅಮೆರಿಕದ ಶೇನ್ ಚೆನ್ 2011ರಲ್ಲಿ ಸೋಲೋವೀಲ್ ಎಂಬ ಹೆಸರಿನಲ್ಲಿ ಇದನ್ನು ಮಾರುಕಟ್ಟೆಗೆ ತಂದರು. ಈಗ ಓಡುತ್ತಿರುವವುಗಳಲ್ಲಿ ಹೆಚ್ಚಿನವು ಇನ್‌ಮೋಷನ್, ಕಿಂಗ್‌ಸಾಂಗ್, ಬೆಗೋಡೆಯಂಥ ಚೀನೀ ಕಂಪನಿಗಳವು. ಎಲ್ಲದರ ತತ್ವ ಒಂದೇ. ಒಳಗಿರುವ ಗೈರೋಸ್ಕೋಪ್ ಮತ್ತು ಸೆನ್ಸರ್‌ಗಳು ಪೆಡಲ್ ಮುಂದಕ್ಕೆ ಬಾಗಿತೋ ಹಿಂದಕ್ಕೋ ಎಂದು ಕ್ಷಣಕ್ಷಣವೂ ಅಳೆಯುತ್ತವೆ. ನೀವು ಮುಂದೆ ವಾಲಿದರೆ ಮೋಟಾರು ಚಕ್ರವನ್ನು ಮುಂದೆ ಓಡಿಸಿ ನಿಮ್ಮ ಅಡಿಗೇ ತಂದು ನಿಲ್ಲಿಸುತ್ತದೆ, ಹಿಂದೆ ವಾಲಿದರೆ ವೇಗ ತಗ್ಗಿಸುತ್ತದೆ. ಅಂದರೆ ಮುಂದೆ-ಹಿಂದಿನ ಆಯ ಯಂತ್ರದ ಹೊಣೆ. ಎಡ-ಬಲದ ಆಯ ಪೂರ್ತಿ ನಿಮ್ಮದು. ಅಲ್ಲಿ ಯಾವ ಸೆನ್ಸರೂ ನೆರವಿಗೆ ಬರುವುದಿಲ್ಲ. ಸೈಕಲ್ಲಿನಲ್ಲಿ ಬಲಕ್ಕೆ ಬೀಳುವಂತಾದರೆ ಹ್ಯಾಂಡಲನ್ನು ಬಲಕ್ಕೇ ತಿರುಗಿಸಿ ಉಳಿದುಕೊಳ್ಳುತ್ತೀರಲ್ಲ, ಆ ಕೆಲಸವನ್ನು ಇಲ್ಲಿ ಸೊಂಟ ಮತ್ತು ಪಾದಗಳು ಮಾಡಬೇಕು.

ಅಣ್ಣನ ದೊಡ್ಡ ಚಕ್ರವನ್ನು ಮುಟ್ಟಬೇಡಿ. ಕಲಿಯಲು 14 ಅಥವಾ 16 ಇಂಚಿನ, 12ರಿಂದ 15 ಕಿಲೋ ತೂಗುವ ಚಕ್ರ ಸಾಕು, ನೀವು ಹೇಳುವ ಹಳೆಯ ಚಕ್ರ ಅಂಥದ್ದೇ ಇರಬೇಕು. ಮೊದಲ ದಿನವೇ ಮೊಬೈಲ್ ಆ್ಯಪ್‌ನಲ್ಲಿ ಗರಿಷ್ಠ ವೇಗವನ್ನು ಗಂಟೆಗೆ 15 ಕಿ.ಮೀ.ಗೆ ಇಳಿಸಲು ಹೇಳಿ. ಟೈರಿನ ಗಾಳಿ ನಿಮ್ಮ ತೂಕಕ್ಕೆ ತಕ್ಕಂತಿರಲಿ. ಗಾಳಿ ಕಡಿಮೆಯಿದ್ದರೆ ಚಕ್ರ ಎಡಕ್ಕೋ ಬಲಕ್ಕೋ ತಿರುಗಲು ಒಪ್ಪುವುದಿಲ್ಲ, ಎಷ್ಟೋ ಜನ ಅದನ್ನು ತಮ್ಮ ಕಾಲಿನ ದೋಷವೆಂದು ತಿಳಿದು ಸೋಲುತ್ತಾರೆ. ಹಳೆಯ ಯೋಗ ಚಾಪೆಯೊಂದನ್ನು ಕತ್ತರಿಸಿ ಎರಡೂ ಬದಿಗೆ ಟೇಪಿನಿಂದ ಸುತ್ತಿ. ಚಕ್ರ ಮೊದಲ ವಾರದಲ್ಲಿ ಹಲವು ಸಲ ಬೀಳುತ್ತದೆ, ಬೀಳಬೇಕು.

ಜಾಗದ ವಿಚಾರಕ್ಕೆ ಬಂದರೆ ಮೇ ತಿಂಗಳು ನಿಮಗೆ ಅನುಕೂಲವೇ. ಫ್ರಾನ್ಸಿನಲ್ಲಿ ಮೇ 1 ಮತ್ತು 8 ಎರಡೂ ಸಾರ್ವಜನಿಕ ರಜೆ. ಮೇ 1ರಂದು ಹೆಚ್ಚುಕಡಿಮೆ ಎಲ್ಲ ಅಂಗಡಿಗಳೂ ಮುಚ್ಚಿರುತ್ತವೆ, ಭಾನುವಾರ ಮಧ್ಯಾಹ್ನವೂ ಬಹಳಷ್ಟು ಸೂಪರ್‌ಮಾರ್ಕೆಟ್‌ಗಳು ಬಾಗಿಲು ಹಾಕಿರುತ್ತವೆ. ಗೇಟು ಹಾಕದ, ಖಾಲಿ ಬಿದ್ದ ಪಾರ್ಕಿಂಗ್ ಅಂಗಳ ಸಿಕ್ಕರೆ ಕೇಳಿಕೊಂಡು ಬಳಸಿ. ಅಲ್ಲಿ ಸಾಮಾನಿನ ಟ್ರಾಲಿ ನಿಲ್ಲಿಸಲು ಸೊಂಟದೆತ್ತರದ ಕಬ್ಬಿಣದ ಕಂಬಿಗಳಿರುತ್ತವೆ. ಮೊದಲ ಪಾಠ ಆ ಕಂಬಿ ಹಿಡಿದೇ ಆಗಲಿ. ಎರಡೂ ಪಾದಗಳನ್ನು ಪೆಡಲ್ ಮೇಲಿಟ್ಟು, ಮೊಣಕಾಲು ತುಸು ಸಡಿಲಿಸಿ, ಮುಂದೆ ಹಿಂದೆ ಒಂದೊಂದು ಗೇಣು ತೂಗಿ. ಮೋಟಾರು ಹೇಗೆ ಉತ್ತರ ಕೊಡುತ್ತದೆಂದು ಪಾದಕ್ಕೆ ತಿಳಿಯಲಿ. ಹತ್ತು ನಿಮಿಷ ಇಷ್ಟೇ.

ಆಮೇಲಿನದು ಒಂಟಿಕಾಲಿನ ಅಭ್ಯಾಸ. ಬಹಳ ಜನ ಇದನ್ನು ಹಾರಿಸಿಬಿಡುತ್ತಾರೆ, ನಾನು ಮಾತ್ರ ಇದಕ್ಕೇ ಎರಡು ದಿನ ಕೊಡಿ ಎನ್ನುತ್ತೇನೆ. ಬಲಗಾಲು ನಿಮ್ಮ ಬಲವಾದ ಕಾಲು ಎಂದಿಟ್ಟುಕೊಳ್ಳಿ. ಬಲ ಪಾದವನ್ನು ಪೆಡಲಿನ ನಡುವೆ, ಚಕ್ರದ ಮೈಗೆ ಹತ್ತಿರವಾಗಿ ಇಡಿ. ಹಾಗೆ ಇಟ್ಟೊಡನೆ ಚಕ್ರ ಬಲಕ್ಕೆ ವಾಲುತ್ತದೆ, ವಾಲಲಿ. ಅದರ ಮೇಲ್ಭಾಗ ನಿಮ್ಮ ಬಲ ಮೀನಖಂಡದ ಒಳಬದಿಗೆ ಬಂದು ಒರಗಬೇಕು. ಪಾದ ಕೆಳಗೆ ಒತ್ತುತ್ತದೆ, ಮೀನಖಂಡ ಪಕ್ಕದಿಂದ ತಡೆಯುತ್ತದೆ. ಈ ಎರಡು ಬಿಂದುಗಳ ನಡುವೆ ಚಕ್ರ ಸಿಕ್ಕಿಬಿದ್ದು ನಿಲ್ಲುತ್ತದೆ. ಈಗ ಎಡಗಾಲಿನಿಂದ ನೆಲ ತಳ್ಳಿ, ಒಂದು ಮಾರು ಜಾರಿ, ಎಡಗಾಲು ಊರಿ. ಮತ್ತೆ ತಳ್ಳಿ. ಎಡಗಾಲು ನೆಲದಿಂದ ಮೇಲಿರುವ ಹೊತ್ತು ಬೆಳೆಯುತ್ತಾ ಹೋಗುತ್ತದೆ. ಒಂಟಿಕಾಲಿನಲ್ಲಿ ನಾಲ್ಕೈದು ಮೀಟರು ಸಲೀಸಾಗಿ ಸಾಗಿದ ದಿನ ಎರಡನೆಯ ಪಾದವನ್ನು ಮೇಲಿಡುವುದು ದೊಡ್ಡ ಮಾತಲ್ಲ. ಆಗ ಪೆಡಲ್ ಎಲ್ಲಿದೆಯೆಂದು ಕೆಳಗೆ ನೋಡಬೇಡಿ. ಪಾದ ಓರೆಯಾಗಿ ಬಿದ್ದರೂ ಹಾಗೇ ಮುಂದೆ ಸಾಗಿ, ಸರಿಪಡಿಸಿಕೊಳ್ಳುವುದು ಎರಡನೆಯ ವಾರದ ಕೆಲಸ.

ಎರಡೂ ಪಾದ ಮೇಲೆ ಬಂದಾಗ ಹೊಸಬರು ಹೆದರಿ ನಿಧಾನಕ್ಕೆ ಹೋಗುತ್ತಾರೆ. ಕಷ್ಟ ಬರುವುದೇ ಅಲ್ಲಿ. ನಡಿಗೆಗಿಂತ ಕಡಿಮೆ ವೇಗದಲ್ಲಿ ಚಕ್ರ ಅತ್ತಿತ್ತ ಓಲಾಡುತ್ತದೆ, ಪ್ರತಿ ಓಲಾಟವನ್ನೂ ನೀವು ದೊಡ್ಡದಾಗಿ ತಿದ್ದಬೇಕಾಗುತ್ತದೆ. ಗಂಟೆಗೆ ಎಂಟು ಹತ್ತು ಕಿ.ಮೀ. ಮುಟ್ಟಿದೊಡನೆ ಅದು ಗಟ್ಟಿಯಾಗಿ ನಿಲ್ಲುತ್ತದೆ. ಆದ್ದರಿಂದ ಧೈರ್ಯ ಮಾಡಿ ತುಸು ಮುಂದೆ ವಾಲಿ. ಸೊಂಟದಲ್ಲಿ ಮಡಚಬೇಡಿ, ಹಿಮ್ಮಡಿಯಿಂದ ತಲೆಯವರೆಗೆ ಇಡೀ ಮೈ ಒಂದಾಗಿ ವಾಲಲಿ. ಕಣ್ಣು ಇಪ್ಪತ್ತು ಮೀಟರು ದೂರದ ಯಾವುದಾದರೊಂದು ಮರದ ಮೇಲೋ ಗೋಡೆಯ ಮೇಲೋ ಇರಲಿ. ಮೈ ಹೋಗುವುದು ಕಣ್ಣು ಹೋದ ಕಡೆಗೆ. ತಿರುವಿನ ಗುಟ್ಟೂ ಇದೇ: ಮೊದಲು ತಲೆ, ಆಮೇಲೆ ಭುಜ, ಹಿಂದೆಯೇ ಸೊಂಟ. ನಿಲ್ಲಬೇಕಾದಾಗ ಹಿಂದೆ ಇರುವ ಸ್ಟೂಲಿನ ಮೇಲೆ ಕೂರಲು ಹೊರಟವರಂತೆ ಮೊಣಕಾಲು ಮಡಚಿ ತುಸು ಕೆಳಗಿಳಿಯಿರಿ. ಬೆನ್ನನ್ನು ಹಿಂದಕ್ಕೆ ಎಸೆಯಬೇಡಿ.

ಮೊದಲ ಮೂರು ದಿನ ಅಂಗಾಲು ಉರಿಯುತ್ತದೆ, ಮೀನಖಂಡದ ಒಳಬದಿ ಕಂದುಗಟ್ಟುತ್ತದೆ. ಪಾದ ಪೆಡಲನ್ನು ಹಿಡಿದುಕೊಳ್ಳಲು ವೃಥಾ ಬಿಗಿಯುವುದೇ ಉರಿಗೆ ಕಾರಣ, ನಂಬಿಕೆ ಬಂದಂತೆ ಹೋಗುತ್ತದೆ. ಇಪ್ಪತ್ತು ನಿಮಿಷಕ್ಕೊಮ್ಮೆ ಇಳಿಯಿರಿ. ದಣಿದ ಕಾಲು ನಡುಗುತ್ತದೆ, ಆ ನಡುಕ ಚಕ್ರಕ್ಕೆ ದಾಟಿ ಅದೂ ಅದುರತೊಡಗುತ್ತದೆ.

ಬೀಳುವ ಬಗ್ಗೆ ಬಿಚ್ಚಿ ಹೇಳಲೇಬೇಕು. ಕಡಿಮೆ ವೇಗದಲ್ಲಿ ಆಯ ತಪ್ಪಿದರೆ ಚಕ್ರ ಒಂದು ಕಡೆ, ನೀವು ಕಾಲೂರಿ ಇನ್ನೊಂದು ಕಡೆ. ಪಕ್ಕಕ್ಕೆ ಉರುಳಿದ ಚಕ್ರ ತಾನೇ ಮೋಟಾರು ನಿಲ್ಲಿಸಿಕೊಳ್ಳುತ್ತದೆ. ಅದನ್ನು ಹಿಡಿಯಲು ಹೋಗಬೇಡಿ, ಪೆಡಲಿನ ಅಂಚು ಕಣಕಾಲಿಗೆ ಬಡಿಯುವುದು ಆಗಲೇ. ಕಣಕಾಲು ಮುಚ್ಚುವ, ಚಪ್ಪಟೆ ತಳದ ಶೂ ಹಾಕಿ. ಮುಂದಕ್ಕೆ ಬಿದ್ದರೆ ಯಾರೇ ಆಗಲಿ ಮೊದಲು ಚಾಚುವುದು ಕೈಯನ್ನು, ಹಾಗಾಗಿ ಮುರಿಯುವುದು ಮಣಿಕಟ್ಟು. ಹೆಲ್ಮೆಟ್ ಮತ್ತು ಮೊಣಕಾಲಿನ ಗಾರ್ಡ್ ಜೊತೆಗೆ, ಒಳಗೆ ಗಟ್ಟಿ ಪಟ್ಟಿಯಿರುವ ಸ್ಕೇಟಿಂಗ್ ಮಣಿಕಟ್ಟು ಗಾರ್ಡ್ ಇಲ್ಲದೆ ಒಂದು ನಿಮಿಷವೂ ಹತ್ತಬೇಡಿ. ಇಲ್ಲಿಂದಲೇ ಕೊಂಡು ಹೋಗಿ, ನಿಮ್ಮ ಅಳತೆಯದೇ ಇರಲಿ.

ಇನ್ನೊಂದು ಬಗೆಯ ಬೀಳುವಿಕೆ ಇದೆ, ಅದು ಅಪಾಯದ್ದು. ನಿಮ್ಮ ವಾಲುವಿಕೆಗೆ ತಕ್ಕ ಶಕ್ತಿ ಮೋಟಾರಿನಲ್ಲಿ ಉಳಿಯದಿದ್ದರೆ ಪೆಡಲ್ ಮುಂದಕ್ಕೆ ಕುಸಿದು, ಮೈ ಮುಖ ಅಡಿಯಾಗಿ ಬೀಳುತ್ತದೆ. ಅತಿವೇಗ, ಏರುದಾರಿಯಲ್ಲಿ ಒಮ್ಮೆಲೇ ಮುನ್ನುಗ್ಗುವುದು, ಬರಿದಾಗುತ್ತಿರುವ ಬ್ಯಾಟರಿ ಇದಕ್ಕೆ ಕಾರಣಗಳು. ಚಕ್ರ ಸಾಮಾನ್ಯವಾಗಿ ಮುಂಚೆಯೇ ಬೀಪ್ ಎನ್ನುತ್ತದೆ, ಪೆಡಲಿನ ಮುಂಭಾಗವನ್ನು ಎತ್ತಿ ನಿಮ್ಮನ್ನು ಹಿಂದಕ್ಕೆ ದೂಡುತ್ತದೆ. ಆ ಎತ್ತುವಿಕೆಯ ವಿರುದ್ಧ ಎಂದೂ ಒತ್ತಬೇಡಿ. ಸಮತಟ್ಟು ಅಂಗಳ, 15 ಕಿ.ಮೀ. ಮಿತಿ, ಅರ್ಧಕ್ಕಿಂತ ಹೆಚ್ಚು ಚಾರ್ಜ್ ಇದ್ದರೆ ನೀವು ಅದರ ಹತ್ತಿರವೂ ಸುಳಿಯುವುದಿಲ್ಲ.

ಕಾನೂನಿನ ಮಟ್ಟಿಗೆ ಫ್ರಾನ್ಸ್ ಉದಾರ ದೇಶ. 2019ರ ಅಕ್ಟೋಬರ್‌ನ ಆದೇಶ ಈ ಚಕ್ರಗಳನ್ನೂ ನಿಂತು ಓಡಿಸುವ ಚಿಕ್ಕ ಎಲೆಕ್ಟ್ರಿಕ್ ಸ್ಕೂಟರ್‌ಗಳ ಸಾಲಿಗೆ ಸೇರಿಸಿ ರಸ್ತೆಗೆ ಬಿಟ್ಟಿತು. ಗರಿಷ್ಠ ವೇಗ 25 ಕಿ.ಮೀ., ಕನಿಷ್ಠ ವಯಸ್ಸು ಈಗ 14, ಸೈಕಲ್ ಪಥವಿರುವಲ್ಲಿ ಅದರಲ್ಲೇ ಹೋಗಬೇಕು, ಪಾದಚಾರಿ ಮಾರ್ಗದಲ್ಲಿ ಓಡಿಸಿದರೆ 135 ಯೂರೋ ದಂಡ, ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಳ್ಳುವಂತಿಲ್ಲ. ಗಡಿ ದಾಟಿದರೆ ಕಥೆ ಬೇರೆ. ಜರ್ಮನಿಯ 2019ರ ನಿಯಮ ಹಿಡಿಕೆಯ ಕಂಬವಿರುವ ವಾಹನಗಳನ್ನು ಮಾತ್ರ ಒಪ್ಪುತ್ತದೆ, ಬ್ರಿಟನ್ನಿನಲ್ಲಿ ಖಾಸಗಿ ಜಾಗದ ಹೊರಗೆ ಓಡಿಸುವಂತಿಲ್ಲ. ಲಂಡನ್ನಿನ ಸಾರಿಗೆ ಸಂಸ್ಥೆಯಂತೂ ಬೆಂಕಿಯ ಭಯದಿಂದ 2021ರ ಡಿಸೆಂಬರ್‌ನಲ್ಲಿ ಇವನ್ನು ರೈಲು, ಬಸ್ಸುಗಳಲ್ಲಿ ಒಯ್ಯುವುದನ್ನೇ ನಿಷೇಧಿಸಿತು.

ಎಲ್ಲಕ್ಕಿಂತ ಮೊದಲು ನೋಡಬೇಕಾದ್ದು ವಿಮೆ, ಅದೂ ಒಂದಲ್ಲ, ಎರಡು. ಷೆಂಗೆನ್ ವೀಸಾಕ್ಕೆಂದು ನೀವು ಮಾಡಿಸುವ 30,000 ಯೂರೋ ವೈದ್ಯಕೀಯ ವಿಮೆ ಕೈ ಮುರಿದರೆ ಹಣ ಕೊಡುತ್ತದೆಯೇ? ಸಾಹಸ ಕ್ರೀಡೆ, ಮೋಟಾರು ಸವಾರಿಗಳನ್ನು ಹೊರಗಿಡುವ ಪಾಲಿಸಿಗಳಿರುತ್ತವೆ, ಆ ಭಾಗವನ್ನು ಓದಿ, ಲಿಖಿತವಾಗಿ ಕೇಳಿ. ಇನ್ನೊಂದು, ನಿಮ್ಮಿಂದ ಬೇರೆಯವರಿಗೆ ಆಗುವ ಹಾನಿಯ ವಿಮೆ. ಈ ಚಕ್ರಕ್ಕೆ ಫ್ರಾನ್ಸಿನಲ್ಲಿ ಅದು ಕಡ್ಡಾಯ, ಇಲ್ಲದಿದ್ದರೆ ದಂಡ 3,750 ಯೂರೋವರೆಗೆ ಹೋಗಬಹುದು. ಅಣ್ಣನ ಪಾಲಿಸಿ ಅತಿಥಿಯಾದ ನಿಮಗೂ ಅನ್ವಯಿಸುತ್ತದೆಯೇ ಎಂದು ಅವರು ನೀವು ಹೊರಡುವ ಮೊದಲೇ ವಿಚಾರಿಸಲಿ. ಜನ ಓಡಾಡುವ ಪಾರ್ಕಿಂಗ್ ಅಂಗಳಕ್ಕೂ ಇದು ಬೇಕು.

ಮೂರನೆಯ ವಾರ, ಅಂಗಳದಲ್ಲಿ ಎಡಕ್ಕೂ ಬಲಕ್ಕೂ ಸಲೀಸಾಗಿ ಎಂಟಂಕಿ ಬಿಡಿಸಬಲ್ಲಿರಾದರೆ, ಅಣ್ಣನ ಹಿಂದೆ ಕನಾಲ್ ದು ಮಿದಿಗೆ ಹೋಗಿ. ಹದಿನೇಳನೆಯ ಶತಮಾನದಲ್ಲಿ ಪಿಯೆರ್-ಪೋಲ್ ರಿಕೆ ತೋಡಿಸಿದ ಕಾಲುವೆ ಅದು, 1996ರಿಂದ ವಿಶ್ವ ಪರಂಪರೆಯ ತಾಣ. ಊರೊಳಗಿನ ಭಾಗ ಬೇಡ, ಸೇತುವೆಗಳ ಕೆಳಗೆ ದಾರಿ ಕಿರಿದಾಗುತ್ತದೆ, ಎದುರಿನಿಂದ ಕಚೇರಿಗೆ ಹೋಗುವ ಸೈಕಲ್ಲುಗಳು ನುಗ್ಗಿ ಬರುತ್ತವೆ. ಚಕ್ರವನ್ನು ಕಾರಿನಲ್ಲಿ ಹಾಕಿಕೊಂಡು ಆಗ್ನೇಯಕ್ಕೆ, ರಾಮೋನ್‌ವಿಲ್ ದಾಟಿ ಹೋಗಿ. ಅಲ್ಲಿಂದ ಮುಂದೆ ಡಾಂಬರು ದಾರಿ ಮೈಲಿಗಟ್ಟಲೆ ಸಮತಟ್ಟಾಗಿ ನೀರಿನ ಪಕ್ಕದಲ್ಲೇ ಸಾಗುತ್ತದೆ. ಎರಡು ವಿಷಯ ಗಮನದಲ್ಲಿರಲಿ. ದಡದ ಪ್ಲೇನ್ ಎಂಬ ಜಾತಿಯ ಮರಗಳ ಬೇರು ಅಲ್ಲಲ್ಲಿ ಡಾಂಬರನ್ನು ಉಬ್ಬಿಸಿದೆ, ಎಲೆಯ ನೆರಳಿನಲ್ಲಿ ಉಬ್ಬು ಕಾಣುವುದಿಲ್ಲ. ಮೊಣಕಾಲು ಸಡಿಲವಿದ್ದರೆ ದಾಟುತ್ತೀರಿ, ನೆಟ್ಟಗಿದ್ದರೆ 14 ಇಂಚಿನ ಚಕ್ರ ನಿಮ್ಮನ್ನು ಎತ್ತಿ ಹಾಕುತ್ತದೆ. ಎರಡನೆಯದು ಓತಾನ್ ಗಾಳಿ. ಆಗ್ನೇಯದಿಂದ ಬೀಸುವ ಈ ಗಾಳಿ ತುಲೂಸ್‌ನಲ್ಲಿ ಬೀಸತೊಡಗಿದರೆ ದಿನಗಟ್ಟಲೆ ಬೀಸುತ್ತಲೇ ಇರುತ್ತದೆ. ನಿಂತು ಸಾಗುವ ಸವಾರನಿಗೆ ಮೈಯೆಲ್ಲ ಹಾಯಿ, ಒಂದು ಬೀಸಿಗೆ ಆಯ ತಪ್ಪುತ್ತದೆ. ಮರದ ತುದಿ ತೂಗುವ ದಿನ ಅಂಗಳದಲ್ಲೇ ಇರಿ.

ಇನ್ನು ಮೈಸೂರಿಗೆ ತರುವ ಮಾತು. ಪ್ರಯಾಣಿಕರ ವಿಮಾನದಲ್ಲಿ ಆಗುವುದಿಲ್ಲ. ಲಿಥಿಯಂ ಬ್ಯಾಟರಿಗೆ 100 ವಾಟ್-ಅವರ್ (ಬ್ಯಾಟರಿ ಹಿಡಿದಿಡುವ ವಿದ್ಯುತ್ತಿನ ಅಳತೆ) ಸಾಮಾನ್ಯ ಮಿತಿ, ವಿಮಾನ ಸಂಸ್ಥೆಯ ಒಪ್ಪಿಗೆ ಪಡೆದರೆ 160. ಕಲಿಯುವವರ ಚಿಕ್ಕ ಚಕ್ರದಲ್ಲೂ 300ರಿಂದ 500 ಇರುತ್ತದೆ. ಬೇರೆ ದಾರಿಯಲ್ಲಿ ತರಿಸಿದರೂ ಓಡಿಸುವ ರಸ್ತೆ ಇಲ್ಲ. ನಮ್ಮಲ್ಲಿ ನೋಂದಣಿಯಿಲ್ಲದೆ ಓಡುವ ಬ್ಯಾಟರಿ ವಾಹನಕ್ಕೆ 250 ವಾಟ್ ಮತ್ತು ಗಂಟೆಗೆ 25 ಕಿ.ಮೀ. ಮಿತಿಯಿದೆ, ಇಂಥ ಚಿಕ್ಕ ಚಕ್ರದ ಮೋಟಾರೂ ಸಾಮಾನ್ಯವಾಗಿ ಅದರ ಎರಡು ಮೂರು ಪಟ್ಟು. ಚಕ್ರ ಅಣ್ಣನ ಮನೆಯಲ್ಲೇ ಇರಲಿ. ಕಲಿತ ಕಾಲು ಸುಲಭಕ್ಕೆ ಮರೆಯುವುದಿಲ್ಲ, ಮುಂದಿನ ಸಲ ಹೋದಾಗ ಕಂಬಿಯ ಹತ್ತಿರ ಅರ್ಧ ದಿನ ಕಳೆದರೆ ಬಿಟ್ಟಲ್ಲಿಂದ ಮುಂದುವರಿಸಬಹುದು.