ಕಾಗೋಡಿನ ಕೊಳಗ, ತುರ್ತು ಪರಿಸ್ಥಿತಿಯ ಡಿಕ್ಲರೇಷನ್

1978ರ ನವೆಂಬರ್‌ನಲ್ಲಿ ಚಿಕ್ಕಮಗಳೂರು ಇಂದಿರಾ ಗಾಂಧಿಯವರನ್ನು ಲೋಕಸಭೆಗೆ ಗೆಲ್ಲಿಸಿ ಕಳಿಸಿದಾಗ ಹೊರಗಿನವರು ಬೆರಗಾದರು. ಹಿಂದಿನ ವರ್ಷ ಉತ್ತರದಲ್ಲಿ ಕಾಂಗ್ರೆಸ್ ನೆಲಕಚ್ಚಿದಾಗಲೂ ಕರ್ನಾಟಕದ 28 ಸ್ಥಾನಗಳಲ್ಲಿ 26 ಅದಕ್ಕೇ ಸಿಕ್ಕಿದ್ದವು. ಮಲೆನಾಡಿನ ಮಟ್ಟಿಗೆ ಈ ಒಗಟಿನ ಒಂದು ಎಳೆ ಭತ್ತದ ಕಣದಲ್ಲಿದೆ.

ಸುಗ್ಗಿಯಲ್ಲಿ ಭತ್ತ ತೂರಿ ರಾಶಿ ಮಾಡಿದ ಮೇಲೆ ಅಳೆಯುವವನು ಮೊದಲ ಕೊಳಗವನ್ನು (ಧಾನ್ಯ ಅಳೆಯುವ ಪಾತ್ರೆ) ‘ಒಂದು’ ಎನ್ನುತ್ತಿರಲಿಲ್ಲ, ‘ಲಾಭ’ ಎನ್ನುತ್ತಿದ್ದ. ಆಮೇಲೆ ಎರಡು, ಮೂರು. ಒಡೆಯರ ಗದ್ದೆಯನ್ನು ಗೇಣಿಗೆ ಉಳುವ ಒಕ್ಕಲಿನ ಕಣದಲ್ಲಿ ಆ ಲಾಭ ಒಡೆಯರ ಪಾಲಾಗುತ್ತಿತ್ತು. ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಜಗಳ ಹತ್ತಿದ್ದು ಈ ಕೊಳಗದ ಅಳತೆಗೇ. ಗೇಣಿ ಅಳೆಸಿಕೊಳ್ಳುವಾಗ ಒಡೆಯರ ಕೊಳಗ ದೊಡ್ಡದಾಗುತ್ತಿತ್ತು. ಪ್ರಶ್ನಿಸಿದ ದೀವರ ಒಕ್ಕಲುಗಳಿಗೆ ಗದ್ದೆ ತಪ್ಪಿತು. 1951ರ ಏಪ್ರಿಲ್ 18ರಿಂದ ಅವರು ಅದೇ ಗದ್ದೆಗಳಿಗೆ ನೇಗಿಲು ಹೊತ್ತು ಇಳಿದು ಜೈಲು ಸೇರಿದರು. ರೈತ ಮುಖಂಡ ಗಣಪತಿಯಪ್ಪ, ಸಮಾಜವಾದಿ ನಾಯಕ ಶಾಂತವೇರಿ ಗೋಪಾಲಗೌಡರು ಜೊತೆಗಿದ್ದರು. ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು.

ಉಳುವವನಿಗೆ ಭೂಮಿ ಕೊಡುವ ಕಾನೂನಿಗೆ ಬಲ ಬಂದದ್ದು ದೇವರಾಜ ಅರಸು ಸರ್ಕಾರದ ತಿದ್ದುಪಡಿಯಿಂದ, 1974ರ ಮಾರ್ಚ್ 1ರಂದು. ಗೋಪಾಲಗೌಡರು ಅಷ್ಟರಲ್ಲಿ ತೀರಿಕೊಂಡಿದ್ದರು. ಮರುವರ್ಷ ಜೂನ್‌ನಲ್ಲಿ ತುರ್ತು ಪರಿಸ್ಥಿತಿ ಬಂತು. ಪೇಟೆಯಲ್ಲಿ ಬಂಧನದ ಮಾತು ಪಿಸುದನಿಯಲ್ಲಿ ನಡೆದಿದ್ದಾಗ ಹಳ್ಳಿಯಲ್ಲಿ ಇನ್ನೊಂದು ಪಿಸುಮಾತಿತ್ತು: ‘ನೀನು ಡಿಕ್ಲರೇಷನ್ ಹಾಕಿದೆಯಾ?’

ಡಿಕ್ಲರೇಷನ್ ಎಂದರೆ ತಾನು ಉಳುವ ಗೇಣಿ ಗದ್ದೆ ತನಗೇ ಸೇರಬೇಕೆಂದು ಒಕ್ಕಲು ಸಲ್ಲಿಸುತ್ತಿದ್ದ ನಮೂನೆ 7ರ ಅರ್ಜಿ. ಅದನ್ನು ತೀರ್ಮಾನಿಸುವ ಭೂನ್ಯಾಯ ಮಂಡಳಿಯ ಮುಂದೆ ವಕೀಲರು ವಾದಿಸುವಂತಿರಲಿಲ್ಲ. ಒಡೆಯರ ಅಂಗಳದಲ್ಲಿ ದೂರ ನಿಂತು ಮಾತನಾಡಿ ರೂಢಿಯಾದವನು ಈಗ ಅವರೆದುರೇ ತನ್ನ ಗದ್ದೆಯ ಚಕ್ಕುಬಂದಿಯನ್ನು, ಅಂದರೆ ನಾಲ್ಕು ಕಡೆಯ ಗಡಿಯನ್ನು, ತಾನೇ ಹೇಳಬೇಕು. ಬಾಯಿಮಾತಿನ ಗೇಣಿಗೆ ಚೀಟಿ ಎಲ್ಲಿಂದ ಬರಬೇಕು? ಪಹಣಿಯಲ್ಲಿ ಹೆಸರಿಲ್ಲದಿದ್ದರೆ ಪಕ್ಕದ ಗದ್ದೆಯವನ ಸಾಕ್ಷಿಯೇ ಗತಿ, ಅವನೂ ಅದೇ ಒಡೆಯರ ಒಕ್ಕಲಾಗಿರಬಹುದು. ಉಂಡ ಮನೆಗೆ ಎರಡು ಬಗೆಯಬಾರದೆಂದು ಅರ್ಜಿಯನ್ನೇ ಹಾಕದವರಿದ್ದರು. ಇದ್ದ ಒಂದೆರಡು ಎಕರೆಯನ್ನು ಗೇಣಿಗೆ ಕೊಟ್ಟು ಬದುಕುತ್ತಿದ್ದ ವಿಧವೆಯರೂ ಭೂಮಿ ಕಳೆದುಕೊಂಡರು. ಆ ನೋವನ್ನು ಜಮೀನ್ದಾರಿಕೆಯ ಲೆಕ್ಕಕ್ಕೆ ಸೇರಿಸುವುದು ಅನ್ಯಾಯವೆಂದೇ ನಾನು ತಿಳಿದಿದ್ದೇನೆ.

ಭೂಮಿ ಸಿಕ್ಕ ಮನೆಗಳಲ್ಲಿ ಕಾನೂನು ಬಂದ ಹೊತ್ತು, ಜನ ಜೈಲಿಗೆ ಹೋದ ಹೊತ್ತು ಎರಡೂ ನೆನಪಿನಲ್ಲಿ ಕಲೆತುಹೋದವು; ಕೃತಜ್ಞತೆ ಇಂದಿರಾ ಅವರ ಹೆಸರಿಗೆ ಸಂದಿತು. ಆದರೆ ತಿದ್ದುಪಡಿ ತುರ್ತು ಪರಿಸ್ಥಿತಿಗಿಂತ ಒಂದು ವರ್ಷಕ್ಕೂ ಹಿಂದಿನದು, ಅದರ ಬೇಡಿಕೆ ಕಾಗೋಡಿನದು. ಆ ಬೇಡಿಕೆ ಎತ್ತಿದ ಸಮಾಜವಾದಿಗಳ ಬಳಗದವರೇ ಮುಂದೆ ತುರ್ತು ಪರಿಸ್ಥಿತಿಯನ್ನು ಎದುರಿಸಿ ನಿಂತರು.

ಅರ್ಜಿ ಸಲ್ಲಿಸುವ ಗಡುವು 1979ರ ಜೂನ್ 30ಕ್ಕೆ ಮುಗಿಯಿತು. ಗೇಣಿಯೂ ಇಲ್ಲದೆ ಬರೀ ಕೂಲಿಗೆ ನಾಟಿ ಮಾಡುತ್ತಿದ್ದ ಹೆಂಗಸರಿಗೆ ಆ ನಮೂನೆಯಲ್ಲಿ ಬರೆಸಲು ಏನೂ ಇರಲಿಲ್ಲ.